ಅಣ್ಣಾವ್ರ ಮೊದಲ ನಾಯಕಿ... ಆಮೇಲೆ ಅಮ್ಮ! ಪಂಢರಿಬಾಯಿ ಕಥೆ

ಅಭಿಮಾನಿ ಗೆಳೆಯರೇ, ನಿಮ್ಮ ಬಸ್ಸು ಬರುವುದರೊಳಗೆ ಮೂರು ಪ್ರಶ್ನೆ. ಉತ್ತರ ಹೇಳಿ ನೋಡೋಣ!

ನಟಸಾರ್ವಭೌಮ ರಾಜಕುಮಾರ್ ಅವರ ಮೊದಲ ನಾಯಕಿ ಯಾರು? 'ಬೇಡರ ಕಣ್ಣಪ್ಪ'ದ ನೀಲಾ, ಪಂಢರಿಬಾಯಿ. ಇಷ್ಟು ಹೇಳುವವರು ಹತ್ತಕ್ಕೆ ಎಂಟು ಮಂದಿ ಸಿಗುತ್ತಾರೆ. ಸರಿ, ಎರಡನೆಯದು. ತಮಿಳಿನ ನಡಿಗರ್ ತಿಲಗಂ ಶಿವಾಜಿ ಗಣೇಶನ್ ಅವರ ಮೊದಲ ಚಿತ್ರದಲ್ಲಿ ಜೋಡಿ ಯಾರು? ಇಲ್ಲಿ ತಲೆ ಕೆರೆದುಕೊಳ್ಳುವವರೇ ಜಾಸ್ತಿ. ಅದೂ ಅವರೇ ಸ್ವಾಮಿ! ಮೂರನೆಯದು ಇನ್ನೂ ಮಜಾ. ಒಂದೇ ಕಥೆ ಕನ್ನಡದಲ್ಲೂ ತಮಿಳಿನಲ್ಲೂ ಸಿನಿಮಾ ಆಯಿತು. ಅಲ್ಲಿ ರಜನೀಕಾಂತ್‌ಗೆ, ಇಲ್ಲಿ ನಮ್ಮ ಅಣ್ಣಾವ್ರಿಗೆ, ಇಬ್ಬರಿಗೂ ಅಮ್ಮನಾದವರು ಯಾರು? ಅದೂ ಅವರೇ!

ನೆಟ್ಟಣದಲ್ಲಿ ಈ ಮೂರು ಪ್ರಶ್ನೆ ಹಾಕಿ ನಾನು ಎಷ್ಟೋ ಸಲ ಚಾ ಗೆದ್ದಿದ್ದೇನೆ. ನೆಟ್ಟಣ ಅಂದರೆ ಎಲ್ಲಿ ಅಂತ ಕೇಳುವವರಿಗೆ ಒಂದು ಮಾತು: ಕುಕ್ಕೆ ಸುಬ್ರಹ್ಮಣ್ಯಕ್ಕೆ ಹೋಗುವ ಭಕ್ತರು 'ಸುಬ್ರಹ್ಮಣ್ಯ ರೋಡ್' ಸ್ಟೇಷನ್ನಿನಲ್ಲಿ ಇಳಿಯುತ್ತಾರಲ್ಲ, ಅದೇ ನಮ್ಮೂರು. 1979ರಲ್ಲಿ ಮಂಗಳೂರು-ಹಾಸನ ರೈಲುಹಾದಿ ಆದ ಮೇಲೆ ಹೊರಗಿನವರ ಬಾಯಲ್ಲಿ ಊರಿನ ಹೆಸರಿಗಿಂತ ಸ್ಟೇಷನ್ ಹೆಸರೇ ದೊಡ್ಡದಾಯಿತು. ಆದರೆ ಸಿನಿಮಾ ಬೇಕಾದರೆ ರೈಲಿನಿಂದ ಏನೂ ಪ್ರಯೋಜನ ಇಲ್ಲ. ಕಡಬ ದಾಟಿ ಪುತ್ತೂರಿನ ಬಸ್ಸೇ ನಮಗೆ ಗತಿ.

ಆ ಬಸ್ಸಿನಲ್ಲೇ ಒಮ್ಮೆ ಗೆಳೆಯನೊಬ್ಬ ನನ್ನ ಮೂರನೆಯ ಪ್ರಶ್ನೆಗೆ ಸೋತು, ಸೋತ ಸಿಟ್ಟಿಗೆ ಹೇಳಿದ: "ಹೋ, ಆ ಅಳುವ ಅಮ್ಮನಾ? ಅಳುವುದು ಬಿಟ್ಟು ಬೇರೆ ಎಂತ ಬರ್ತದೆ ಮಾರಾಯ ಅವರಿಗೆ?"

ಈ ಲೇಖನ ಆ ಮಾತಿಗೆ ಉತ್ತರ. ಬಸ್ಸಿನಲ್ಲಿ ಹೇಳಲು ಹೊರಟೆ, ಅವನು ಅರ್ಧದಲ್ಲೇ ಇಳಿದುಬಿಟ್ಟ!

ಹರಿಕಥೆಯಿಂದ ಬೆಳ್ಳಿತೆರೆಗೆ

ಪಂಢರಿಬಾಯಿ ಹುಟ್ಟಿದ್ದು ಭಟ್ಕಳದಲ್ಲಿ. ಅಂದರೆ ನಮ್ಮ ಕರಾವಳಿಯವರೇ. ಮನೆಯಲ್ಲಿ ಹರಿಕಥೆಯ ವಾತಾವರಣ. ಚಿಕ್ಕಂದಿನಲ್ಲೇ ಹರಿಕಥೆ ಮಾಡಲು ನಿಂತವರು ಅವರು. ಇದನ್ನು ಸುಮ್ಮನೆ ಒಂದು ಸಾಲಿನಲ್ಲಿ ಬರೆದು ಮುಂದೆ ಹೋಗುವವರು ಬಹಳ. ನನಗೆ ಮಾತ್ರ ಅವರ ಇಡೀ ನಟನೆಯ ಗುಟ್ಟು ಇಲ್ಲೇ ಉಂಟು ಅನ್ನಿಸುತ್ತದೆ. ಯಾಕೆ ಹೇಳುತ್ತೇನೆ ಕೇಳಿ.

ನಾಟಕದಲ್ಲಿ ಒಬ್ಬರಿಗೆ ಒಂದು ಪಾತ್ರ. ಹರಿಕಥೆಯಲ್ಲಿ ಹಾಗಲ್ಲ. ನಿಂತಲ್ಲೇ ನಿಂತು ರಾಜ ಆಗಬೇಕು, ರಾಣಿ ಆಗಬೇಕು, ಮಗು ಆಗಬೇಕು, ಮುದುಕಿ ಆಗಬೇಕು. ವೇಷ ಇಲ್ಲ, ಪರದೆ ಇಲ್ಲ, ಬಣ್ಣ ಇಲ್ಲ. ಇರುವುದು ಕೈಯಲ್ಲಿ ತಾಳ, ಬಾಯಲ್ಲಿ ಮಾತು. ಆ ಮಾತು ಹಿಂದಿನ ಸಾಲಿನಲ್ಲಿ ಕುಳಿತ ಅಜ್ಜನಿಗೂ ಬಿಡಿಬಿಡಿಯಾಗಿ ಕೇಳಬೇಕು. ಇಂಥ ಗರಡಿಯಲ್ಲಿ ಪಳಗಿದ ಹುಡುಗಿಗೆ ಇಪ್ಪತ್ತರ ಪ್ರಾಯದಲ್ಲಿ ನಲವತ್ತರ ಹೆಂಗಸಿನ ದನಿ ತೆಗೆಯುವುದು ಏನು ಕಷ್ಟ? ಮುಂದೆ ಚಿತ್ರರಂಗ ಅದನ್ನೇ ಬಳಸಿಕೊಂಡಿತು. ಬಳಸಿಕೊಂಡಿತೋ, ದುರುಪಯೋಗ ಮಾಡಿಕೊಂಡಿತೋ, ಅದನ್ನು ಆಮೇಲೆ ನೋಡೋಣ.

1943ರ 'ವಾಣಿ'. ಹಿರಣ್ಣಯ್ಯನವರ ನಿರ್ದೇಶನ. ಪಂಢರಿಬಾಯಿ ಕ್ಯಾಮೆರಾ ಮುಂದೆ ನಿಂತದ್ದು ಅದರಲ್ಲಿ ಮೊದಲು. 1951ರ ಹಿಂದಿ ಚಿತ್ರ 'ಬಹಾರ್'ನಲ್ಲಿ ವೈಜಯಂತಿಮಾಲಾ ಜೊತೆಗೆ ಅವರೂ ಇದ್ದರು. 1953ರಲ್ಲಿ ಎಚ್.ಎಲ್.ಎನ್. ಸಿಂಹ ಅವರ 'ಗುಣಸಾಗರಿ', ಹೊನ್ನಪ್ಪ ಭಾಗವತರ ಜೊತೆ. ಅದಕ್ಕೆ ಮೊದಲೇ, 1952ರಲ್ಲಿ, ತಮಿಳಿನ 'ಪರಾಶಕ್ತಿ'. ಕರುಣಾನಿಧಿಯವರ ಸಂಭಾಷಣೆ ಇಡೀ ತಮಿಳುನಾಡಿಗೆ ಬೆಂಕಿ ಹಚ್ಚಿದ ಚಿತ್ರ. ಶಿವಾಜಿ ಗಣೇಶನ್ ಎಂಬ ನಾಟಕದ ಹುಡುಗ ಒಂದೇ ದಿನದಲ್ಲಿ ತಾರೆಯಾದದ್ದು ಅದರಿಂದ. ದಿಕ್ಕೆಟ್ಟು ಅಲೆಯುವ ಆ ನಾಯಕನ ಕೈ ಹಿಡಿಯುವ ವಿಮಲಾ ಯಾರು? ನಮ್ಮ ಭಟ್ಕಳದ ಹುಡುಗಿ!

ಒಂದೇ ಬೇಸಿಗೆ, ಎರಡು ಹೆಂಡತಿ

ಈಗ 1954ಕ್ಕೆ ಬನ್ನಿ. ಆ ವರ್ಷದ ಬೇಸಿಗೆಯನ್ನು ನಾನು ಪಂಢರಿಬಾಯಿಯ ಬೇಸಿಗೆ ಅಂತಲೇ ಕರೆಯುತ್ತೇನೆ.

ಏಪ್ರಿಲ್‌ನಲ್ಲಿ ಮದರಾಸಿನಲ್ಲಿ 'ಅಂದ ನಾಳ್' ತೆರೆಕಂಡಿತು. ಎಸ್. ಬಾಲಚಂದರ್ ನಿರ್ದೇಶನ, ಎ.ವಿ.ಎಂ. ಚಿತ್ರ. ಒಂದು ಹಾಡಿಲ್ಲ, ಒಂದು ಕುಣಿತ ಇಲ್ಲ! ಆ ಕಾಲದಲ್ಲಿ ಹಾಡಿಲ್ಲದ ಸಿನಿಮಾ ಅಂದರೆ ಉಪ್ಪಿಲ್ಲದ ಗಂಜಿ. ಯುದ್ಧದ ಕಾಲದ ಮದರಾಸು. ರೇಡಿಯೋ ಇಂಜಿನಿಯರ್ ಒಬ್ಬನ ಕೊಲೆ ಆಗುತ್ತದೆ. ಕೊಂದವರು ಯಾರು? ಒಬ್ಬೊಬ್ಬರು ಒಂದೊಂದು ಕಥೆ ಹೇಳುತ್ತಾರೆ. ಕೊಲೆಯಾದವನು ಶಿವಾಜಿ, ಅವನ ಹೆಂಡತಿ ಉಷಾ ನಮ್ಮ ಪಂಢರಿಬಾಯಿ. ಗುಟ್ಟು ಒಡೆಯಬಾರದು, ಆದರೆ ಚಿತ್ರ ಬಂದು ಎಪ್ಪತ್ತು ವರ್ಷ ದಾಟಿತು, ಇನ್ನು ಹೇಳಿದರೆ ತಪ್ಪಿಲ್ಲ. ಆ ಗುಂಡಿನ ಹಿಂದೆ ಇದ್ದದ್ದು ಹೆಂಡತಿಯ ಕೈ! ಗಂಡ ದೇಶದ್ರೋಹಿ ಅಂತ ಗೊತ್ತಾದ ಹೆಂಗಸು ಅವಳು.

ಗೆಳೆಯಾ, ಅಳುವ ಅಮ್ಮ ಅಂದೆಯಲ್ಲ? ಪಿಸ್ತೂಲು ಹಿಡಿದವಳನ್ನು ನೋಡು!

ಮೇ ತಿಂಗಳಲ್ಲಿ ಕನ್ನಡದಲ್ಲಿ 'ಬೇಡರ ಕಣ್ಣಪ್ಪ'. ಗುಬ್ಬಿ ಕರ್ನಾಟಕ ಸಂಸ್ಥೆಯ ಚಿತ್ರ, ಮತ್ತೆ ಸಿಂಹ ಅವರೇ ನಿರ್ದೇಶಕರು. ನಾಟಕದ ಮುತ್ತುರಾಜು ರಾಜಕುಮಾರ್ ಆದದ್ದು, ನರಸಿಂಹರಾಜು ತೆರೆಯ ಮೇಲೆ ನಗಿಸಿದ್ದು, ಜಿ.ವಿ. ಅಯ್ಯರ್ ನಟಿಸಿದ್ದು, ಎಲ್ಲವನ್ನೂ ಈ ಪತ್ರಿಕೆಯ ಓದುಗರು ಬಾಯಿಪಾಠ ಒಪ್ಪಿಸುತ್ತೀರಿ. ಒಂದು ಮಾತ್ರ ಮರೆಯುತ್ತೀರಿ. ಆ ಸೆಟ್ಟಿನಲ್ಲಿ ಕ್ಯಾಮೆರಾ ಪಳಗಿದ್ದು ಯಾರಿಗೆ? ಮದರಾಸಿನಲ್ಲಿ, ಹಿಂದಿಯಲ್ಲಿ ಹೆಸರು ಮಾಡಿ ಬಂದವರು ಪಂಢರಿಬಾಯಿ. ನಾಯಕನಾಗಿ ಹೊಸಬರು ನಮ್ಮ ಅಣ್ಣಾವ್ರು! ಕಣ್ಣಪ್ಪ ಕಣ್ಣು ಕಿತ್ತು ಶಿವನಿಗೆ ಕೊಡುವ ದೃಶ್ಯಕ್ಕೆ ನಾವು ಕೈ ಮುಗಿಯುತ್ತೇವೆ. ಆದರೆ ಅವನ ಜೊತೆ ಕಾಡಿನಲ್ಲಿ ಹಸಿವು ನುಂಗಿಕೊಂಡು ನಿಂತ ನೀಲಾ ಇಲ್ಲದಿದ್ದರೆ ಆ ಮನುಷ್ಯನಿಗೆ ಒಂದು ಮನೆ ಉಂಟು, ಒಂದು ಬದುಕು ಉಂಟು ಅಂತ ನಮಗೆ ಅನ್ನಿಸುತ್ತಿತ್ತೇ?

ಆಮೇಲೆ ಸ್ವಂತ ನಿರ್ಮಾಣಕ್ಕೂ ಕೈ ಹಾಕಿದರು. 1957ರ 'ರಾಯರ ಸೊಸೆ' ನೆನಪಿಡಿ. ಹೆಂಗಸೊಬ್ಬಳು ದುಡ್ಡು ಹಾಕಿ, ರಾಜಕುಮಾರ್ ಅವರನ್ನು ಹಾಕಿಕೊಂಡು ಸೊಸೆಯೊಬ್ಬಳ ಕಥೆ ತೆಗೆಯುವುದು ಅಂದಿನ ಲೆಕ್ಕಕ್ಕೆ ಸಣ್ಣ ಧೈರ್ಯ ಅಲ್ಲ. ತಂಗಿ ಮೈನಾವತಿಯೂ ಚಿತ್ರರಂಗಕ್ಕೆ ಬಂದರು. 1959ರ 'ಅಬ್ಬಾ ಆ ಹುಡುಗಿ'ಯಲ್ಲಿ ಗಂಡಸರೆಂದರೆ ಸಿಡಿಯುವ ಆ ಹುಡುಗಿ ತಂಗಿ. ಅಕ್ಕನೂ ಅದೇ ಚಿತ್ರದಲ್ಲಿ ಇದ್ದರು, ಆದರೆ ಹೆಸರಿನಲ್ಲಿರುವ ಹುಡುಗಿ ಅವರಲ್ಲ. ಅದೇ ವರ್ಷ ಹಿಂದಿಯ 'ಪೈಗಾಮ್'ನಲ್ಲಿ ದಿಲೀಪ್ ಕುಮಾರ್ ನಾಯಕ, ವೈಜಯಂತಿಮಾಲಾ ನಾಯಕಿ, ಪಂಢರಿಬಾಯಿ ಅಣ್ಣ ರಾಜ್ ಕುಮಾರನ ಹೆಂಡತಿ. ಅಂದರೆ ಅತ್ತಿಗೆ! ಗಮನಿಸಿದಿರಾ? ನಾಯಕಿಯ ಕುರ್ಚಿಯಿಂದ ಪಕ್ಕದ ಕುರ್ಚಿಗೆ ಸರಿಯುವುದು ಶುರುವಾಗಿತ್ತು. ಆಗ ಅವರಿಗೆ ಮೂವತ್ತರ ಆಸುಪಾಸು ಅಷ್ಟೇ.

ಅಜ್ಜಿ ಕೊಟ್ಟ ಸರ್ಟಿಫಿಕೇಟು

ಆದರೂ ಕನ್ನಡ ಅವರನ್ನು ಅಷ್ಟು ಬೇಗ ಬಿಟ್ಟುಕೊಡಲಿಲ್ಲ. 1965ರಲ್ಲಿ ಹುಣಸೂರು ಕೃಷ್ಣಮೂರ್ತಿಯವರ 'ಸತ್ಯಹರಿಶ್ಚಂದ್ರ'. ರಾಜಕುಮಾರ್ ಹರಿಶ್ಚಂದ್ರ, ಪಂಢರಿಬಾಯಿ ಚಂದ್ರಮತಿ. ಉದಯಕುಮಾರ್ ವಿಶ್ವಾಮಿತ್ರ, ನರಸಿಂಹರಾಜು ನಕ್ಷತ್ರಿಕ, ಎಂ.ಪಿ. ಶಂಕರ್ ವೀರಬಾಹು. ಹೇಳಿ, ಇಂಥ ಕೂಟ ಇನ್ನೊಂದು ಉಂಟೇ?

ಈ ಚಿತ್ರವನ್ನು ನಾನು ನೋಡಿದ್ದು ಬಹಳ ತಡವಾಗಿ, ಮರುಬಿಡುಗಡೆಯಲ್ಲಿ, ಅಜ್ಜಿಯ ಸೆರಗು ಹಿಡಿದುಕೊಂಡು. ನಮ್ಮ ಅಜ್ಜಿಗೆ ಸಿನಿಮಾ ಬೇಡ, ಆಟ ಬೇಕು. ಆಟ ಅಂದರೆ ಯಕ್ಷಗಾನ. ಹರಿಶ್ಚಂದ್ರ ಪ್ರಸಂಗ ಎಷ್ಟು ಸಲ ನೋಡಿದ್ದಾರೋ ಅವರಿಗೇ ಲೆಕ್ಕ ಇಲ್ಲ. ಅಲ್ಲಿ ಚಂದ್ರಮತಿ ಸ್ತ್ರೀವೇಷ, ಗಂಡಸರೇ ಮಾಡುವುದು. ಮಗ ಲೋಹಿತಾಶ್ವ ಹಾವು ಕಚ್ಚಿ ಸತ್ತ ಮೇಲೆ ಚಂದ್ರಮತಿಯ ಶೋಕಕ್ಕೆ ಭಾಗವತರು ಪದದ ಮೇಲೆ ಪದ ಎತ್ತುತ್ತಾರೆ, ಮಧ್ಯರಾತ್ರಿ ದಾಟಿದರೂ ಅಳು ಮುಗಿಯುವುದಿಲ್ಲ. ಅಜ್ಜಿಗೆ ಅದೇ ಅಳತೆಗೋಲು.

ಸಿನಿಮಾದಲ್ಲಿ ಸ್ಮಶಾನದ ದೃಶ್ಯ ಬಂತು. ಕಥೆ ನಿಮಗೆಲ್ಲ ಗೊತ್ತು. ಸತ್ತ ಮಗನನ್ನು ಸುಡಲು ಬಂದ ತಾಯಿ. ತೆರಿಗೆ ಕೊಡದೆ ಸುಡಲು ಬಿಡೆ ಎನ್ನುವ ಸುಡುಗಾಡು ಕಾಯುವವನು. ಅವನೇ ಗಂಡ. ನಮ್ಮ ಗಾಂಧಿಕ್ಲಾಸಿನಲ್ಲಿ ಬೀಡಿ ಹೊಗೆ ಸಹ ನಿಂತಿತ್ತು! ಅಣ್ಣಾವ್ರ ಅಭಿನಯದ ಬಗ್ಗೆ ನಾನು ಬರೆಯಬೇಕಾಗಿಲ್ಲ, ಪುಟಗಟ್ಟಲೆ ಬಂದಿದೆ. ನಾನು ನೋಡಿದ್ದು ಅವರನ್ನು, ಹೌದು. ಅಜ್ಜಿ ನೋಡಿದ್ದು ಅವರ ಎದುರಿಗಿದ್ದವರನ್ನು. ಹೊರಗೆ ಬಂದ ಮೇಲೆ ಅಜ್ಜಿ ಹೇಳಿದ ಮಾತು ಇವತ್ತಿಗೂ ಕಿವಿಯಲ್ಲಿ ಉಂಟು:

"ಆಟದ ಚಂದ್ರಮತಿ ಅಳುವುದು ನಮಗೆ ಕೇಳಲಿಕ್ಕೆ ಮಗಾ. ಇವಳು ಅತ್ತದ್ದು ಅವಳ ಮಗನಿಗೆ."

ಇದಕ್ಕಿಂತ ದೊಡ್ಡ ಸರ್ಟಿಫಿಕೇಟು ಯಾವ ಸರಕಾರ ಕೊಡುತ್ತದೆ ಸ್ವಾಮಿ? ಅಳುವುದು ಸುಲಭ ಅಂತ ಹೇಳುವವರು ಒಮ್ಮೆ ಕನ್ನಡಿಯ ಮುಂದೆ ನಿಂತು ಪ್ರಯತ್ನ ಮಾಡಿ ನೋಡಿ. ನೋಡಿದವರಿಗೆ ನಗು ಬರುತ್ತದೆ!

ಬೆಳ್ಳಿಮೋಡದ ಹೊಡೆತ

ಚಂದ್ರಮತಿಯಾದ ಎರಡೇ ವರ್ಷಕ್ಕೆ, 1967ರಲ್ಲಿ, ಪುಟ್ಟಣ್ಣ ಕಣಗಾಲ್ ಅವರ 'ಬೆಳ್ಳಿಮೋಡ'. ತ್ರಿವೇಣಿಯವರ ಕಾದಂಬರಿ. ನಾಯಕಿ ಕಲ್ಪನಾ, ನಾಯಕ ಕಲ್ಯಾಣಕುಮಾರ್. ಕಲ್ಪನಾ ಅವರ ಅಪ್ಪ ಅಶ್ವಥ್, ಅಮ್ಮ ಪಂಢರಿಬಾಯಿ. ಪಾತ್ರ ಚಿಕ್ಕದು. ಆದರೆ ಆ ಚಿಕ್ಕ ಪಾತ್ರದ ಮೇಲೆ ಇಡೀ ಕಥೆ ನಿಂತಿದೆ ಅಂದರೆ ನಂಬುತ್ತೀರಾ?

ಒಬ್ಬಳೇ ಮಗಳು, ಎಸ್ಟೇಟಿನ ಆಸ್ತಿಯೆಲ್ಲ ಅವಳಿಗೆ ಅಂತ ನಂಬಿ ಮದುವೆಗೆ ಒಪ್ಪಿದ ಹುಡುಗ, ಅವರದೇ ದುಡ್ಡಿನಲ್ಲಿ ವಿದೇಶಕ್ಕೆ ಓದಲು ಹೋಗುತ್ತಾನೆ. ಅಷ್ಟರಲ್ಲಿ ಅಮ್ಮ ತಡವಾಗಿ ಬಸುರಿ. ಹುಟ್ಟಿದ್ದು ಗಂಡು! ಆಸ್ತಿ ಹೋಯಿತು, ಹುಡುಗನ ಪ್ರೀತಿಯೂ ಹೋಯಿತು. ಮಗುವನ್ನು ಹೆತ್ತು ತಾಯಿ ತೀರಿಕೊಳ್ಳುತ್ತಾಳೆ. ಬೆಳೆದ ಮಗಳ ಎದುರು ಬಸುರಿಯಾದ ಹೆಂಗಸಿನ ನಾಚಿಕೆ, ಆ ನಾಚಿಕೆಯೊಳಗಿನ ಸಂತೋಷ, ಮಗಳಿಗೆ ಏನಾದೀತೋ ಎಂಬ ಹೆದರಿಕೆ, ಈ ಮೂರೂ ಒಂದೇ ಮುಖದಲ್ಲಿ ಬರಬೇಕು. ನಿಂತಲ್ಲೇ ಮೂವರಾಗುವ ಆ ಹರಿಕಥೆಯ ಪಾಠ ಇಲ್ಲಿ ಉಪಯೋಗಕ್ಕೆ ಬಂತು ಅಂತ ನನ್ನ ವಾದ.

ಹೀಗೆ ಎರಡು ವರ್ಷದ ಹಿಂದೆ ಅಣ್ಣಾವ್ರ ಪಟ್ಟದ ರಾಣಿಯಾಗಿದ್ದವರು ಈಗ ನಾಯಕಿಯ ಅಮ್ಮ. ಆಮೇಲೆ ಹಿಂದಿರುಗುವ ದಾರಿ ಇರಲಿಲ್ಲ.

ಗಂಡನೂ ಅವನೇ, ಮಗನೂ ಅವನೇ!

ತಮಿಳಿನಲ್ಲಿ ನಡೆದದ್ದು ಇನ್ನೂ ವಿಚಿತ್ರ. 1968ರ 'ಕುಡಿಯಿರುಂದ ಕೋಯಿಲ್'ನಲ್ಲಿ ಎಂ.ಜಿ.ಆರ್. ಅವಳಿ ಮಕ್ಕಳು, ಪಂಢರಿಬಾಯಿ ಅಮ್ಮ. ಎಂ.ಜಿ.ಆರ್. ಹುಟ್ಟಿದ್ದು 1917ರಲ್ಲಿ. ಅಮ್ಮನಿಗಿಂತ ಮಗ ಹತ್ತು ವರ್ಷಕ್ಕೂ ಮಿಕ್ಕಿ ದೊಡ್ಡವನು! ಟಾಕೀಸಿನಲ್ಲಿ ಒಬ್ಬನಾದರೂ ನಕ್ಕನೇ? ಇಲ್ಲ. ಅವರು "ಮಗನೇ" ಅಂತ ಕರೆದರೆ ಮುಗಿಯಿತು, ಎದುರಿಗೆ ಯಾರೇ ಇರಲಿ ಮಗನೇ ಆಗಬೇಕು.

ಮರುವರ್ಷ 'ದೈವ ಮಗನ್'. ಆಸ್ಕರ್ ಸ್ಪರ್ಧೆಗೆ ಭಾರತದಿಂದ ಕಳುಹಿಸಿದ ಚಿತ್ರ ಅದು. ಶಿವಾಜಿಗೆ ಮೂರು ಪಾತ್ರ: ಅಪ್ಪ, ಒಬ್ಬ ಮಗ, ಇನ್ನೊಬ್ಬ ಮಗ. ಪಂಢರಿಬಾಯಿ ಒಂದು ಶಿವಾಜಿಗೆ ಹೆಂಡತಿ, ಎರಡು ಶಿವಾಜಿಗೆ ತಾಯಿ! ಒಂದೇ ಮುಖದ ಮೂರು ಮಂದಿಯನ್ನು ಮೂರು ಬಗೆಯಲ್ಲಿ ನೋಡಬೇಕು. ಶಿವಾಜಿಗಾದರೆ ವಿಗ್ಗು, ಮೇಕಪ್ಪು, ನಡಿಗೆ ಬದಲಾಗುತ್ತಿತ್ತು. ಪಂಢರಿಬಾಯಿಗೆ ಇದ್ದದ್ದು ಕಣ್ಣು ಮಾತ್ರ. 1973ರ 'ಗೌರವಂ'ನಲ್ಲೂ ಹೆಚ್ಚುಕಡಿಮೆ ಇದೇ ಆಟ. ಸೊಕ್ಕಿನ ಬ್ಯಾರಿಸ್ಟರ್ ಶಿವಾಜಿ, ಅವನು ಸಾಕಿದ ತಮ್ಮನ ಮಗನೂ ಶಿವಾಜಿ, ನಡುವೆ ಬ್ಯಾರಿಸ್ಟರನ ಹೆಂಡತಿಯಾಗಿ ಇವರು.

ಪರಾಶಕ್ತಿಯಲ್ಲಿ ಕೈ ಹಿಡಿದಾಗ ಇಬ್ಬರೂ ಹುಡುಗ-ಹುಡುಗಿ. ಹದಿನೇಳು ವರ್ಷ ಆದ ಮೇಲೆ ಅವನು ಹುಡುಗನೂ ಆಗಬಹುದು, ಮುದುಕನೂ ಆಗಬಹುದು. ಅವಳು ಮಾತ್ರ ಹುಡುಗಿ ಆಗುವ ಹಾಗಿಲ್ಲ. ಇದೇ ಸ್ವಾಮಿ ನನ್ನ ತಕರಾರು!

ಗಂಡಸರಿಗೆ ಹೀಗೆ ಆಗಲಿಲ್ಲವೇ ಅಂತ ನೀವು ಕೇಳಬಹುದು. ಆಗಿದೆ. ನಮ್ಮ ಚಾಮಯ್ಯ ಮೇಷ್ಟ್ರು ಅಶ್ವಥ್ 1955ರ 'ಸ್ತ್ರೀರತ್ನ'ದಲ್ಲಿ ನಾಯಕರಾಗಿಯೇ ಬಂದವರು, ಬೇಗನೇ ಅಪ್ಪನಾದರು. ಆದರೆ ಅವರ ಪಾಲಿಗೆ ಚಾಮಯ್ಯ ಮೇಷ್ಟ್ರಂಥ ಪಾತ್ರ ಬಂತು. ಹೆಸರು ಹೇಳಿದರೆ ಇವತ್ತಿಗೂ ಶಿಳ್ಳೆ ಬೀಳುತ್ತದೆ. ಪಂಢರಿಬಾಯಿಯ ಅಮ್ಮಂದಿರಲ್ಲಿ ಎಷ್ಟು ಮಂದಿಗೆ ಹೆಸರು ಇತ್ತು, ನೆನಪು ಮಾಡಿಕೊಳ್ಳಿ ನೋಡೋಣ. ಎಂ.ವಿ. ರಾಜಮ್ಮನವರಿಗೂ ಇದೇ ದಾರಿ, ಆಮೇಲೆ ಲೀಲಾವತಿಯವರಿಗೂ ಇದೇ ದಾರಿ. ಬೊಂಬಾಯಿಯಲ್ಲಿ ನರ್ಗಿಸ್ 'ಮದರ್ ಇಂಡಿಯಾ'ದಲ್ಲಿ ಸುನಿಲ್ ದತ್‌ಗೆ ತಾಯಿಯಾದರು, ಇಬ್ಬರೂ ಹುಟ್ಟಿದ್ದು 1929ರ ಜೂನ್‌ನಲ್ಲಿ! ಆದರೆ ಅಲ್ಲಿ ತಾಯಿಯೇ ನಾಯಕಿ, ಅದು ಬೇರೆ ಲೆಕ್ಕ.

ಹೊರಗಿನ ಒಂದು ಉದಾಹರಣೆ ಕೊಡುತ್ತೇನೆ. ಇಟಲಿಯಲ್ಲಿ ಟೀನಾ ಪೀಕಾ ಅಂತ ಒಬ್ಬರಿದ್ದರು, 1884ರಲ್ಲಿ ಹುಟ್ಟಿದವರು. 1953ರ ಒಂದು ಹಾಸ್ಯಚಿತ್ರದಲ್ಲಿ ನಾಯಕಿ ಜೀನಾ ಲೊಲೊಬ್ರಿಜಿಡಾ. ನಮ್ಮ ಅಪ್ಪಂದಿರ ಕಾಲದ ಪಡ್ಡೆಗಳು ನಿದ್ದೆಗೆಟ್ಟ ಸುಂದರಿ ಅವರು! ಟೀನಾ ಪೀಕಾ ಬರೀ ಮನೆಕೆಲಸದ ಮುದುಕಿ. ಆ ಗೊರಟು ದನಿಯ ಮುದುಕಿಯನ್ನು ಇಟಲಿಯ ಜನ ಎಷ್ಟು ಮೆಚ್ಚಿದರೆಂದರೆ ಎಪ್ಪತ್ತು ದಾಟಿದ ಮೇಲೆ ಅವರನ್ನೇ ಮುಖ್ಯ ಪಾತ್ರಕ್ಕೆ ಹಾಕಿ ಚಿತ್ರ ತೆಗೆದರು. 1959ರ ಒಂದು ಚಿತ್ರದ ಹೆಸರಿನಲ್ಲೇ ಅವರ ಹೆಸರು! ನಮ್ಮಲ್ಲಿ 'ಪೋಷಕ ನಟಿ' ಎಂಬ ಚಂದದ ಹೆಸರು ಉಂಟು. ಪೋಸ್ಟರಿನಲ್ಲಿ ಜಾಗ ಕೇಳಿದರೆ ಮೂಲೆ.

1986, ಪುತ್ತೂರು

'ಅನುರಾಗ ಅರಳಿತು' ಬಂದಾಗ ನಾವು ಆರು ಮಂದಿ ನೆಟ್ಟಣದಿಂದ ಹೊರಟೆವು. ಎಚ್.ಜಿ. ರಾಧಾದೇವಿಯವರ ಕಾದಂಬರಿ, ಎಂ.ಎಸ್. ರಾಜಶೇಖರ್ ನಿರ್ದೇಶನ. ಅಣ್ಣಾವ್ರ ಎಂಟ್ರಿಗೆ ನಾಣ್ಯ ಎಸೆಯಬೇಕು ಅಂತ ಬಸ್ಸಿನ ಚಿಲ್ಲರೆಯನ್ನು ಕೂಡಿಟ್ಟಿದ್ದೆವು. ಎಸೆದೆವು! ಮಾಧವಿಯ ಗತ್ತಿಗೆ ಶಿಳ್ಳೆ ಹಾಕಿದೆವು. ಕಾಯಿಲೆಯ ತಾಯಿಯ ಸೇವೆ ಮಾಡುವ ಮಗನಾಗಿ ಅಣ್ಣಾವ್ರು ಆ ಹಾಸಿಗೆಯ ಹತ್ತಿರ ಬಂದು ಕೂತಾಗ ನಮ್ಮ ಸಾಲು ತಣ್ಣಗಾಯಿತು.

ಆ ತಾಯಿ ನೀಲಾ. ಮೂವತ್ತೆರಡು ವರ್ಷದ ಹಿಂದೆ ಕಾಡಿನಲ್ಲಿ ಇದೇ ಮನುಷ್ಯನ ಪಕ್ಕ ನಿಂತವಳು. ಚಂದ್ರಮತಿ. ಸ್ಮಶಾನದಲ್ಲಿ ಇವನ ಎದುರೇ ನಿಂತವಳು. ರಾಜಕುಮಾರ್ 1929ರಲ್ಲಿ ಹುಟ್ಟಿದವರು, ಪಂಢರಿಬಾಯಿ ಅವರ ವಾರಿಗೆಯವರೇ. ಈಗ ನಾಯಕಿಯಾದ ಮಾಧವಿ 'ಬೇಡರ ಕಣ್ಣಪ್ಪ' ಬಂದ ಕಾಲಕ್ಕೆ ಹುಟ್ಟಿಯೇ ಇರಲಿಲ್ಲ. ನನ್ನ ಪಕ್ಕದಲ್ಲಿದ್ದವನಿಗೆ ಪಿಸುಗುಟ್ಟಿದೆ, "ಇವರು ಅಣ್ಣಾವ್ರ ಮೊದಲ ಹೀರೋಯಿನ್ ಮಾರಾಯ." ಅವನು ತಿರುಗಿ ನೋಡಿದ ನೋಟ ಹೇಗಿತ್ತೆಂದರೆ, ನಾನೇನೋ ಕೆಟ್ಟ ಮಾತು ಆಡಿದ ಹಾಗೆ! "ಬಾಯಿ ಮುಚ್ಚು, ಅಮ್ಮ ಅದು," ಅಂದ.

ನನಗೆ ಆಗ ಸಿಟ್ಟು ಬಂತು. ಈಗ ಯೋಚಿಸಿದರೆ ಅವನ ಸಿಟ್ಟೇ ಪಂಢರಿಬಾಯಿಯ ಗೆಲುವು. ತೆರೆಯ ಮೇಲೆ ಒಂದೊಮ್ಮೆ ಗಂಡನಾಗಿದ್ದವನನ್ನು ಮಗನನ್ನಾಗಿ ನೋಡಲು ಎಂಥ ಕಣ್ಣು ಬೇಕು! ನೋಡುವವನಿಗೆ ಹಳೆಯದು ಒಂದು ಕ್ಷಣವೂ ನೆನಪಾಗಬಾರದು. ನೆನಪು ಮಾಡಿಕೊಟ್ಟರೂ ಅವನು ನಂಬಬಾರದು.

ಈ ಕಥೆಯನ್ನೇ 1992ರಲ್ಲಿ ಪಿ. ವಾಸು ತಮಿಳಿನಲ್ಲಿ 'ಮನ್ನನ್' ಅಂತ ಮಾಡಿದರು. ರಜನೀಕಾಂತ್, ವಿಜಯಶಾಂತಿ. ನಾಯಕ ಬದಲು, ನಾಯಕಿ ಬದಲು, ಭಾಷೆ ಬದಲು. ಅಮ್ಮನನ್ನು ಮಾತ್ರ ಬದಲಿಸಲಿಲ್ಲ! ತಾಯಿಯನ್ನು ಎತ್ತಿಕೊಂಡು ಹೋಗುವ ಮಗನ ಮೇಲೆ ಇಳಯರಾಜಾ ಹಾಕಿದ, ಯೇಸುದಾಸ್ ಹಾಡಿದ ಹಾಡು ಇವತ್ತಿಗೂ ತಮಿಳರ ಮನೆಮನೆಯಲ್ಲಿ ಉಂಟು. ಆ ಹಾಡಿನಲ್ಲಿ ರಜನಿಯ ಕೈಯಲ್ಲಿರುವ ಹಗೂರ ಜೀವ ಇದೇ ನಮ್ಮ ಭಟ್ಕಳದವರು.

ಇಷ್ಟು ಹೊಗಳಿದ ಮೇಲೆ ಒಂದು ಕಹಿ ಮಾತನ್ನೂ ಬರೆಯಲೇಬೇಕು. ಈ ಅಮ್ಮನ ಕಾಲದಲ್ಲಿ ಅವರಿಗೆ ಸಿಕ್ಕಿದ ಪಾತ್ರಗಳಲ್ಲಿ ಮುಕ್ಕಾಲು ಪಾಲು ಸೆರಗು ಮತ್ತು ಕಣ್ಣೀರು, ಅಷ್ಟೇ. ಹೊಸ್ತಿಲಲ್ಲಿ ನಿಲ್ಲು, ಮಗ ಬಂದಾಗ ಊಟಕ್ಕೆ ಕರೆ, ಮಗ ಹೋದಾಗ ಕಣ್ಣೊರೆಸು. 'ಅಂದ ನಾಳ್'ನ ಉಷಾಳನ್ನು ಮಾಡಿದವರಿಗೆ ಇದೇ ಕೆಲಸ! ನನ್ನ ಬಸ್ಸಿನ ಗೆಳೆಯ ಕಂಡದ್ದು ಆ ಮುಕ್ಕಾಲು ಪಾಲನ್ನು. ಅವನ ತಪ್ಪು ಅಂತ ಹೇಳಲಾರೆ. ಪಾತ್ರ ಬರೆದವರ ಸೋಮಾರಿತನ ಅದು. ದುಡ್ಡು ಹಾಕಿ ತಾನೇ ಕಥೆ ಆರಿಸಿದ ಹೆಂಗಸಿಗೆ ಒಂದು ಮುದುಕಿಯ ಕಥೆ ಬರೆಯಲು ನಮ್ಮಲ್ಲಿ ಎಷ್ಟು ಮಂದಿ ಪೆನ್ನು ಎತ್ತಿದರು?

ಪಂಢರಿಬಾಯಿ ತೀರಿಕೊಂಡದ್ದು 2003ರ ಜನವರಿ 29ರಂದು, ಮದ್ರಾಸಿನಲ್ಲಿ. ಅಷ್ಟೊತ್ತಿಗೆ ಅದರ ಹೆಸರು ಚೆನ್ನೈ ಆಗಿತ್ತು. ಶಿವಾಜಿ 2001ರಲ್ಲೇ ಹೋಗಿದ್ದರು. ಅಣ್ಣಾವ್ರು 2006ರಲ್ಲಿ, ತಂಗಿ ಮೈನಾವತಿ 2012ರಲ್ಲಿ.

2008ರಲ್ಲಿ 'ಸತ್ಯಹರಿಶ್ಚಂದ್ರ'ಕ್ಕೆ ಬಣ್ಣ ಹಾಕಿ ಮತ್ತೆ ಬಿಡುಗಡೆ ಮಾಡಿದರು. ಅಷ್ಟು ವರ್ಷ ಕಪ್ಪು-ಬಿಳುಪಿನಲ್ಲಿದ್ದ ಚಂದ್ರಮತಿ ಬಣ್ಣದಲ್ಲಿ ಬಂದಳು. ನಮ್ಮ ಅಣ್ಣನ ಮಗ ಆಗ ಕಾಲೇಜು ಹುಡುಗ. ನೋಡಿ ಬಂದವನು ನನ್ನನ್ನು ಕೇಳಿದ: "ಚಿಕ್ಕಪ್ಪ, ಈ ಹೀರೋಯಿನ್ ಯಾರು? ಆಮೇಲೆ ಬೇರೆ ಸಿನಿಮಾದಲ್ಲಿ ಆಕ್ಟ್ ಮಾಡಿದ್ದಾರಾ?"

'ಅನುರಾಗ ಅರಳಿತು' ಸಿ.ಡಿ. ಮನೆಯಲ್ಲಿತ್ತು. ಹಾಕಿ ಕೂರಿಸಿದೆ.